ಮಳೆಯ ಪಂಚಾಂಗ, ನಗರಸಭೆಯ ಪಂಚಾಂಗ

ಸ್ನೇಹಿತರೇ, ಎಲ್ಲರಿಗೂ ನಮಸ್ಕಾರ.

ಇವತ್ತು ಎರಡು ಪಂಚಾಂಗಗಳ ಬಗ್ಗೆ ಮಾತಾಡೋಣ ಅಂತ ಬಂದಿದ್ದೇನೆ. ಒಂದು ಮಳೆಯದ್ದು. ರೋಹಿಣಿ, ಮೃಗಶಿರ, ಆರಿದ್ರ, ಪುನರ್ವಸು ಅಂತ ನಮ್ಮ ಅಜ್ಜಿಯರು ಬೆರಳು ಮಡಚಿ ಎಣಿಸುತ್ತಿದ್ದರಲ್ಲ, ಅದು. ಇನ್ನೊಂದು ನಗರಸಭೆಯದ್ದು. ಅದು ಏಪ್ರಿಲ್ 1ಕ್ಕೆ ಶುರುವಾಗಿ ಮಾರ್ಚ್ 31ಕ್ಕೆ ಮುಗಿಯುತ್ತದೆ. ಕಾರವಾರದಂಥ ಕರಾವಳಿ ಊರಿಗೆ ಈ ಎರಡು ಪಂಚಾಂಗ ತಾಳೆಯಾಗುವುದೇ ಇಲ್ಲ. ಮಳೆಗಾಲದ ಅರ್ಧ ಕಷ್ಟ ಹುಟ್ಟುವುದು ಅಲ್ಲೇ ಅಂತ ನಾನು ನಂಬಿದ್ದೇನೆ.

ಮೊದಲು ಹವೆ. ಇಲ್ಲಿ ಚಳಿಗಾಲ ಅನ್ನುವುದು ಹೆಸರಿಗೆ ಮಾತ್ರ, ಸೆಕೆ ಪೂರ್ತಿ ಬಿಡುವುದೇ ಇಲ್ಲ. ವರ್ಷದಲ್ಲಿ ನಿಜವಾಗಿ ಏರಿಳಿಯುವುದು ಮಳೆ. ಜನವರಿ, ಫೆಬ್ರವರಿಯಲ್ಲಿ ಹೆಚ್ಚುಕಡಿಮೆ ಒಂದು ಹನಿಯೂ ಇರುವುದಿಲ್ಲ. ಆದರೂ ವರ್ಷದ ಲೆಕ್ಕ ಸುಮಾರು 3000 ಮಿ.ಮೀ. ದಾಟುತ್ತದೆ, ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಅರಬ್ಬಿ ಸಮುದ್ರದ ಮೇಲಿಂದ ಬರುವ ತೇವದ ಗಾಳಿ ಸಹ್ಯಾದ್ರಿಗೆ ಬಡಿದು ಮೇಲೇರಿ ತಣ್ಣಗಾಗುತ್ತದೆ, ಮಳೆ ಸುರಿಯುತ್ತದೆ. ಇದು ಶಾಲೆಯಲ್ಲಿ ಓದಿದ್ದೇ.

ಕಾರವಾರದ ವಿಶೇಷ ಬೇರೆ. ದಕ್ಷಿಣದ ಕರಾವಳಿಯಲ್ಲಿ ಘಟ್ಟ ಸ್ವಲ್ಪ ದೂರ ನಿಂತಿರುತ್ತದೆ. ಇಲ್ಲಿ ಗುಡ್ಡಗಳು ಸಮುದ್ರದ ಅಂಚಿನ ತನಕ ಬಂದುಬಿಟ್ಟಿವೆ. ಗುಡ್ಡಕ್ಕೂ ಕಡಲಿಗೂ ನಡುವೆ ಸಿಕ್ಕಿದ ಜಾಗದಲ್ಲಿ ಊರು. ಮೇಲಿಂದ ಇಳಿದ ನೀರಿಗೆ ಹರಡಿಕೊಳ್ಳಲು ಜಾಗವಿಲ್ಲ, ನಿಲ್ಲಲು ಪುರುಸೊತ್ತೂ ಇಲ್ಲ.

ಒಂದು ಸಣ್ಣ ಲೆಕ್ಕ ಹಾಕೋಣ. ಒಂದು ಚದರ ಮೀಟರ್ ಮೇಲೆ 1 ಮಿ.ಮೀ. ಮಳೆ ಬಿದ್ದರೆ ಅದು 1 ಲೀಟರ್. ಹಾಗಾದರೆ ಒಂದು ಚದರ ಕಿಲೋಮೀಟರ್ ಮೇಲೆ 100 ಮಿ.ಮೀ. ಬಿದ್ದರೆ? 10 ಕೋಟಿ ಲೀಟರ್! 10 ಸಾವಿರ ಲೀಟರಿನ ಟ್ಯಾಂಕರ್ 10 ಸಾವಿರ ಸಲ ತಂದು ಸುರಿದ ಹಾಗೆ. ಆಷಾಢದಲ್ಲಿ ಒಂದೇ ದಿನಕ್ಕೆ ಅಷ್ಟು ಮಳೆ ನಮಗೆ ಅಪರೂಪವೇನಲ್ಲ, ಅಲ್ವಾ?

ಆ ನೀರಿನ ದಾರಿಯನ್ನೇ ಹಿಡಿದು ನಡೆಯಿರಿ. ಅದು ಹುಟ್ಟುವ ಗುಡ್ಡ ಅರಣ್ಯ ಇಲಾಖೆಯದ್ದು. ಕೆಳಗೆ ಕೊಂಕಣ ರೈಲ್ವೆಯ ಹಳಿ. ಆಮೇಲೆ ಓಣಿ, ಗಟಾರ, ನಾಲಾ. ಅದು ನಗರಸಭೆಯದ್ದು. ಮುಂದೆ ರಾಷ್ಟ್ರೀಯ ಹೆದ್ದಾರಿ 66, ಅದರ ಮೋರಿಗಳಿಗೆ ಕೇಂದ್ರದ ಪ್ರಾಧಿಕಾರ. ಅದನ್ನೂ ದಾಟಿದರೆ ಸಮುದ್ರ. ಆ ಹೊತ್ತಿಗೆ ಭರತಿ, ಅಂದರೆ ಸಮುದ್ರದ ಉಬ್ಬರ, ಇದ್ದರೆ ಸಮುದ್ರವೂ ನೀರನ್ನು ಒಳಗೆ ಬಿಟ್ಟುಕೊಳ್ಳುವುದಿಲ್ಲ. ನಾಲಾ ತುಂಬಿ ಹಿಂದಕ್ಕೆ ಬಂದು ಮನೆಯಂಗಳಕ್ಕೆ ನುಗ್ಗುತ್ತದೆ. ಬೈಗಳು ತಿನ್ನುವುದು ಮಾತ್ರ ವಾರ್ಡಿನ ಸದಸ್ಯರು.

ಈಗ ಎರಡನೇ ಪಂಚಾಂಗಕ್ಕೆ ಬರುತ್ತೇನೆ. ಚರಂಡಿ ಕಟ್ಟುವುದು ಪೌರಸಭೆಯ ಕಡ್ಡಾಯ ಕೆಲಸ ಅಂತ ನಮ್ಮ ರಾಜ್ಯದ 1964ರ ಪೌರಸಭೆಗಳ ಕಾಯ್ದೆ ಹೇಳುತ್ತದೆ. ಸರಿ. ಆದರೆ ಹೊಸ ವರ್ಷದ ದುಡ್ಡು ಕೈಗೆ ಬರುವುದು ಏಪ್ರಿಲ್ ನಂತರ. ಅಂದಾಜುಪಟ್ಟಿ, ಟೆಂಡರ್, ಒಪ್ಪಿಗೆ, ಕೆಲಸದ ಆದೇಶ ಅನ್ನುವಷ್ಟರಲ್ಲಿ ಮೇ ಮುಗಿಯುತ್ತದೆ. ಮಳೆ ಜೂನ್ ಮೊದಲ ವಾರದ ಅತಿಥಿ. ಅದೂ ಹೇಳಿದ ದಿನಕ್ಕೇ ಬರುತ್ತದೆ ಅಂತಿಲ್ಲ. 2025ರಲ್ಲಿ ಮುಂಗಾರು ಮೇ 24ಕ್ಕೇ ಕೇರಳ ಮುಟ್ಟಿತು.

ಕರಾವಳಿಯ ಒಂದು ಊರಿನಲ್ಲಿ ನಾನು ಕಣ್ಣಾರೆ ಕಂಡದ್ದು ಹೇಳುತ್ತೇನೆ. ಜೂನ್ ತಿಂಗಳು. ನಾಲ್ಕು ಜನ ಗಟಾರಕ್ಕಿಳಿದು ಇಡೀ ದಿನ ಹೂಳು ಎತ್ತಿದರು. ಮರಳು, ಪ್ಲಾಸ್ಟಿಕ್, ಒಂದು ಹರಿದ ಚಪ್ಪಲಿ, ತೆಂಗಿನ ಮಟ್ಟೆಗಳು. ಎತ್ತಿದ್ದನ್ನೆಲ್ಲ ಗಟಾರದ ಅಂಚಿಗೇ ರಾಶಿ ಹಾಕಿದರು. ಸಾಗಿಸುವ ಗಾಡಿ ನಾಳೆ ಬರುವುದಿತ್ತು. ರಾತ್ರಿ ಎರಡು ಗಂಟೆಗೆ ಮಳೆ ಹಿಡಿಯಿತು. ಬೆಳಿಗ್ಗೆ ಹೋಗಿ ನೋಡಿದರೆ ರಾಶಿ ಇಲ್ಲ, ಗಟಾರ ಮೊದಲಿನ ಹಾಗೆಯೇ ತುಂಬಿದೆ. ಆ ಚಪ್ಪಲಿ ನೀರಿನ ಮೇಲೆ ತಿರುಗುತ್ತಿತ್ತು. ಹಿಂದಿನ ದಿನ ಸೊಂಟದ ತನಕ ಕೆಸರಲ್ಲಿ ನಿಂತವರ ಮುಖ ನೆನಪಾಗಿ ನನಗೆ ತುಂಬಾ ಸಂಕಟವಾಯಿತು. ಅವರ ದುಡಿಮೆಯಲ್ಲಿ ತಪ್ಪಿರಲಿಲ್ಲ. ತಪ್ಪಿದ್ದು ತಿಂಗಳು.

ಜಿಲ್ಲಾ ಕೇಂದ್ರ ಅಂದಮೇಲೆ ಇನ್ನೊಂದು ಆಡಳಿತವೂ ಇದೆ. 1862ರಲ್ಲಿ ಉತ್ತರ ಕೆನರಾ ಮದ್ರಾಸಿನಿಂದ ಮುಂಬೈ ಪ್ರಾಂತ್ಯಕ್ಕೆ ಹೋದಾಗಿನಿಂದ ಕಾರವಾರದಲ್ಲಿ ಕಲೆಕ್ಟರ್ ಕಚೇರಿ ಇದೆ. 2005ರ ವಿಪತ್ತು ನಿರ್ವಹಣಾ ಕಾಯ್ದೆಯ ಪ್ರಕಾರ ಜಿಲ್ಲಾ ಪ್ರಾಧಿಕಾರಕ್ಕೆ ಜಿಲ್ಲಾಧಿಕಾರಿಯೇ ಅಧ್ಯಕ್ಷರು. 2024ರ ಜುಲೈ 16ರಂದು ಅಂಕೋಲಾ ತಾಲ್ಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದಾಗ ಇಡೀ ಜಿಲ್ಲೆಯ ಆಡಳಿತ ಅಲ್ಲಿ ನಿಂತಿತ್ತು. ವಿಪತ್ತು ಬಂದ ದಿನ ಅಧಿಕಾರ, ದುಡ್ಡು, ಯಂತ್ರ ಎಲ್ಲ ಒಂದೇ ಕಡೆ ಸೇರುತ್ತವೆ. ನನ್ನ ಆಸೆ ಇಷ್ಟೇ. ಅದೇ ಮೇಜಿನ ಸುತ್ತ ಅರಣ್ಯ, ರೈಲ್ವೆ, ಹೆದ್ದಾರಿ, ನಗರಸಭೆಯವರು ಡಿಸೆಂಬರಿನಲ್ಲೇ ಕೂರಬೇಕು. ನೆಲ ಒಣಗಿರುತ್ತದೆ, ನಾಲಾದ ತಳ ಕಣ್ಣಿಗೆ ಕಾಣುತ್ತದೆ, ಎತ್ತಿದ ಹೂಳನ್ನು ಸಾಗಿಸಲು ಸಮಯವೂ ಇರುತ್ತದೆ.

ನಾವೇನು ಮಾಡಬಹುದು ಅಂತ ಕೇಳುತ್ತೀರಿ. ಸಂವಿಧಾನದ 74ನೇ ತಿದ್ದುಪಡಿ ವಾರ್ಡ್ ಸಮಿತಿ ಕಡ್ಡಾಯ ಮಾಡಿದ್ದು 3 ಲಕ್ಷ ಅಥವಾ ಹೆಚ್ಚು ಜನ ಇರುವ ನಗರಗಳಿಗೆ. ಕಾರವಾರ ಅದರ ಹತ್ತಿರಕ್ಕೂ ಬರುವುದಿಲ್ಲ. ಹಾಗಾಗಿ ನಮ್ಮ ಪಾಲಿಗೆ ನಗರಸಭೆಯ ಬಜೆಟ್ ಪೂರ್ವಭಾವಿ ಸಭೆಯೇ ದೊಡ್ಡದು. ಅಲ್ಲಿಗೆ ಸುಮ್ನೆ ಹೋಗಿ ಕೂಗಾಡಿದರೆ ಪ್ರಯೋಜನ ಕಡಿಮೆ. ಲೆಕ್ಕ ಹಿಡಿದು ಹೋಗಬೇಕು. ಈ ಸಲ ಅಂಗಳಕ್ಕೆ ನೀರು ನುಗ್ಗಿದರೆ, ಅದು ಏರಿದ ಮಟ್ಟಕ್ಕೆ ಗೋಡೆಯ ಮೇಲೊಂದು ಗೆರೆ ಎಳೆಯಿರಿ. ಪಕ್ಕದಲ್ಲಿ ದಿನಾಂಕ, ಗಂಟೆ, ಆಗ ಭರತಿ ಇತ್ತೋ ಇಳಿತವೋ ಅನ್ನುವುದನ್ನು ಬರೆದು ಫೋಟೊ ತೆಗೆದಿಡಿ. ಒಂದು ಓಣಿಯಲ್ಲಿ ಹತ್ತು ಮನೆಯವರು ಹಾಗೆ ಮಾಡಿದರೂ, ಯಾವ ಮೋರಿ ಸಣ್ಣದಾಗಿದೆ, ಎಲ್ಲಿ ಹೂಳು ಜಾಸ್ತಿ ಅಂತ ಎಂಜಿನಿಯರ್ ಮುಂದೆ ಇಟ್ಟು ಕೇಳಬಹುದು.

ಭರತಿಯ ವೇಳಾಪಟ್ಟಿ ಓದುವುದು ಹೇಗೆ ಅಂತ ಯಾರಿಗಾದರೂ ಬೇಕಿದ್ದರೆ ಈಗಲೇ ಮುಂದೆ ಬನ್ನಿ, ತೋರಿಸುತ್ತೇನೆ.