ಮೊದಲು ಬರುವ ಹುಡುಗ

ಕೇಳುಗರೆಲ್ಲರಿಗೂ ನಮಸ್ಕಾರ.

ಶಿವಮೊಗ್ಗದ ಹಳೇ ಜೈಲು ನಿಮ್ಮಲ್ಲಿ ಕೆಲವರಿಗಾದರೂ ಗೊತ್ತಿರುತ್ತದೆ. ಊರೊಳಗೇ ಇತ್ತು. ಕೈದಿಗಳನ್ನು ಸೋಗಾನೆಯ ಹೊಸ ಜೈಲಿಗೆ ಸಾಗಿಸಿದ ಮೇಲೆ ಅದು ಖಾಲಿ ಬಿದ್ದಿತ್ತು. 2019ರ ಡಿಸೆಂಬರ್‌ನಲ್ಲಿ ಅಲ್ಲಿಗೆ ಒಂದು ತಮಿಳು ಚಿತ್ರತಂಡ ಬಂದು ಜೈಲಿನ ದೃಶ್ಯಗಳನ್ನು ತೆಗೆಯಿತು. ಆ ಚಿತ್ರವೇ 'ಮಾಸ್ಟರ್'. ಲೋಕೇಶ್ ಕನಗರಾಜ್ ನಿರ್ದೇಶನ. ವಿಜಯ್ ನಾಯಕ, ವಿಜಯ್ ಸೇತುಪತಿ ಖಳನಾಯಕ. ಈ ಚಿತ್ರದ ಬಗ್ಗೆ ಇವತ್ತು ನಿಮ್ಮ ಜೊತೆ ಸ್ವಲ್ಪ ಮಾತಾಡಬೇಕು ಅನ್ನಿಸಿದೆ.

2021ರ ಜನವರಿ 13, ಪೊಂಗಲ್ ಹೊತ್ತಿಗೆ ಚಿತ್ರ ಬಿಡುಗಡೆಯಾಯಿತು. ಕೊರೊನಾ ಕಾಲ. ತಮಿಳುನಾಡಿನ ಚಿತ್ರಮಂದಿರಗಳಲ್ಲಿ ಅರ್ಧ ಸೀಟು ಮಾತ್ರ ತುಂಬಿಸಬಹುದಿತ್ತು. ಆದರೂ ಜನ ಬಂದರು. ಕುಣಿದರು, ಶಿಳ್ಳೆ ಹೊಡೆದರು. ಹೊಡೆದಾಟ, ಅನಿರುದ್ಧ್ ಅವರ ಸಂಗೀತ, ಹೀರೋ ನಡಿಗೆ, ಎಲ್ಲವೂ ಹಬ್ಬದೂಟದ ಹಾಗೆ ಇತ್ತು. ಅದರ ಬಗ್ಗೆ ಜಾಸ್ತಿ ಹೇಳಬೇಕಿಲ್ಲ, ನೀವೇ ನೋಡಿರುತ್ತೀರಿ.

ನನ್ನನ್ನು ಕಾಡಿದ್ದು ಕಥೆಯ ಒಳಗಿರುವ ಮಕ್ಕಳು.

ವಿಜಯ್ ಮಾಡಿರುವ ಜೆಡಿ ಎಂಬ ಪಾತ್ರ ಚೆನ್ನೈನ ಕಾಲೇಜೊಂದರ ಮೇಷ್ಟ್ರು. ಹುಡುಗರಿಗೆ ಅಚ್ಚುಮೆಚ್ಚು, ಆದರೆ ಕುಡುಕ. ಕಾಲೇಜಿನ ಚುನಾವಣೆ ಗಲಾಟೆಯಲ್ಲಿ ಮುಗಿದಾಗ ಅವನನ್ನು ನಾಗರಕೋಯಿಲಿನ ಬಾಲಾಪರಾಧಿಗಳ ಶಾಲೆಗೆ ಕಳಿಸುತ್ತಾರೆ. ಆ ಶಾಲೆ ನಿಜವಾಗಿ ನಡೆಯುತ್ತಿರುವುದು ಭವಾನಿ ಎಂಬ ಗ್ಯಾಂಗ್‌ಸ್ಟರ್‌ನ ಕೈಯಲ್ಲಿ. ಕೊಲೆ ಮಾಡುವವನು ಅವನು, ತಪ್ಪೊಪ್ಪಿಕೊಳ್ಳುವವರು ಮಕ್ಕಳು. ಚಿಕ್ಕವರಿಗೆ ಶಿಕ್ಷೆ ಕಡಿಮೆ ಅಲ್ವಾ, ಅದೇ ಅವನ ಲೆಕ್ಕ. ಒಳಗಿರುವ ಮಕ್ಕಳಿಗೆ ಮಾದಕ ವಸ್ತು ಕೊಟ್ಟು ಹಿಡಿತದಲ್ಲಿ ಇಟ್ಟುಕೊಂಡಿರುತ್ತಾನೆ.

ಅಲ್ಲಿ ಅಣ್ಣ ತಮ್ಮ ಇಬ್ಬರು ಹುಡುಗರಿದ್ದಾರೆ. ಬಂದ ಹೊಸ ಮೇಷ್ಟ್ರ ಹತ್ತಿರ ತಮ್ಮ ಕಷ್ಟ ಹೇಳಿಕೊಳ್ಳಬೇಕು ಎಂದು ಪ್ರಯತ್ನಪಡುತ್ತಾರೆ. ಮೇಷ್ಟ್ರಿಗೆ ಕುಡಿದು ಮೈಮೇಲೆ ಪ್ರಜ್ಞೆಯೇ ಇಲ್ಲ. ಆಮೇಲೆ ಆ ಇಬ್ಬರೂ ನೇಣಿನಲ್ಲಿ ಸಿಗುತ್ತಾರೆ. ಇಡೀ ಚಿತ್ರದಲ್ಲಿ ನನಗೆ ಎಲ್ಲಕ್ಕಿಂತ ನಿಜ ಅನ್ನಿಸಿದ್ದು ಈ ಭಾಗ. ಆ ಮಕ್ಕಳಿಗೆ ಬೇಕಾಗಿದ್ದವನು ನೂರು ಜನರನ್ನು ಹೊಡೆಯುವ ಹೀರೋ ಅಲ್ಲ. ಆ ರಾತ್ರಿ ಎಚ್ಚರವಾಗಿದ್ದು ಕಿವಿಗೊಡುವ ಒಬ್ಬ ದೊಡ್ಡವನು. ಅಷ್ಟೇ.

ಈಗ ನಮ್ಮ ಕಾನೂನು ಏನು ಹೇಳುತ್ತದೆ ನೋಡೋಣ. 2015ರ ಬಾಲ ನ್ಯಾಯ ಕಾಯ್ದೆ 2016ರ ಜನವರಿಯಲ್ಲಿ ಜಾರಿಗೆ ಬಂತು. 18 ತುಂಬದ ಮಗುವನ್ನು ಪೊಲೀಸ್ ಲಾಕಪ್ಪಿಗಾಗಲಿ ಜೈಲಿಗಾಗಲಿ ಹಾಕುವಂತಿಲ್ಲ. ಹಿಡಿದ 24 ಗಂಟೆಯೊಳಗೆ ಬಾಲ ನ್ಯಾಯ ಮಂಡಳಿಯ ಮುಂದೆ ಕರೆತರಬೇಕು. ಅಲ್ಲಿ ಒಬ್ಬ ಮ್ಯಾಜಿಸ್ಟ್ರೇಟರು, ಇಬ್ಬರು ಸಮಾಜ ಕಾರ್ಯಕರ್ತರು ಕೂರುತ್ತಾರೆ. ಆ ಇಬ್ಬರಲ್ಲಿ ಒಬ್ಬರಾದರೂ ಮಹಿಳೆ ಇರಬೇಕು. ವಿಚಾರಣೆ ಮುಗಿಯುವವರೆಗೆ ಮಗು ಇರುವ ಜಾಗಕ್ಕೆ ವೀಕ್ಷಣಾಲಯ ಅಂತಾರೆ. ಅಲ್ಲೂ ವಯಸ್ಸು ನೋಡಿ ಬೇರೆ ಬೇರೆ ಇಡಬೇಕು. ಪುಟ್ಟ ಮಕ್ಕಳನ್ನು ದೊಡ್ಡ ಹುಡುಗರ ಜೊತೆ ಸುಮ್ನೆ ಒಟ್ಟಿಗೆ ತುಂಬುವ ಹಾಗಿಲ್ಲ.

ಇನ್ನೊಂದು ವಿಷಯ ಇದೆ. ಈ ಮಕ್ಕಳಿಗೆ ಜಾಮೀನು ಕೊಡುವುದೇ ರೂಢಿ, ನಿರಾಕರಿಸುವುದು ಅಪರೂಪ ಆಗಬೇಕು ಎಂಬುದು ಕಾಯ್ದೆಯ ಆಶಯ. ನಿರಾಕರಿಸಲು ಹೇಳಿರುವ ಕಾರಣಗಳಲ್ಲಿ ಒಂದು, ಹೊರಗೆ ಬಿಟ್ಟರೆ ಮಗು ಅಪರಾಧಿಗಳ ಸಹವಾಸಕ್ಕೆ ಬೀಳಬಹುದು ಎನ್ನುವುದು. ಈಗ ಚಿತ್ರವನ್ನು ನೆನಪಿಸಿಕೊಳ್ಳಿ. ಯಾವ ಸಹವಾಸದಿಂದ ದೂರ ಇಡಲು ಮಗುವನ್ನು ಗೋಡೆಯೊಳಗೆ ಇಟ್ಟರೋ, ಆ ಸಹವಾಸವೇ ಗೋಡೆಯೊಳಗೆ ಕೂತಿದೆ. ಇದನ್ನು ಯೋಚಿಸಿದಾಗ ನನಗೆ ನಿಜಕ್ಕೂ ಹೊಟ್ಟೆಯಲ್ಲಿ ಸಂಕಟ ಆಯಿತು.

ಭವಾನಿಯಂಥವರಿಗೂ ಇದೇ ಕಾಯ್ದೆಯಲ್ಲಿ ಶಿಕ್ಷೆ ಇದೆ. ದೊಡ್ಡವರು ಮಕ್ಕಳನ್ನು ಕಾನೂನುಬಾಹಿರ ಕೆಲಸಕ್ಕೆ ಬಳಸಿದರೆ 7 ವರ್ಷದವರೆಗೆ ಕಠಿಣ ಸಜೆ, 5 ಲಕ್ಷ ರೂಪಾಯಿ ದಂಡ. ಹುಡುಗನೊಬ್ಬ ಸಿಕ್ಕಿಬಿದ್ದ ಸುದ್ದಿ ಓದಿದಾಗ 'ಈಗಿನ ಹುಡುಗರು ಕೆಟ್ಟುಹೋದರು' ಅನ್ನುತ್ತೇವೆ. ಅವನ ಕೈಗೆ ಮಚ್ಚು ಕೊಟ್ಟವರು ಯಾರು ಅಂತ ಕೇಳುವುದು ಕಡಿಮೆ.

ಚಿತ್ರ ಮೇಷ್ಟ್ರನ್ನು ಬದಲಾಯಿಸುತ್ತದೆ. ಕುಡಿತ ಬಿಡುತ್ತಾನೆ, ಹುಡುಗರ ಜೊತೆ ಕಬಡ್ಡಿ ಆಡುತ್ತಾನೆ. ಭವಾನಿಯ ಕೈಕೆಳಗಿದ್ದ ದಾಸ್ ಎಂಬ ಯುವಕ ನಿಧಾನವಾಗಿ ಈಚೆ ಕಡೆಗೆ ಬರುತ್ತಾನೆ. ಅರ್ಜುನ್ ದಾಸ್ ಆ ಪಾತ್ರವನ್ನು ಬಹಳ ಚೆನ್ನಾಗಿ ಮಾಡಿದ್ದಾರೆ. ಆದರೆ ನಿಜ ಜೀವನದಲ್ಲಿ ಇಂಥ ಬದಲಾವಣೆಗೆ ಒಂದು ಹಾಡಿನಷ್ಟು ಹೊತ್ತು ಸಾಲದು. ಪರಿವೀಕ್ಷಣಾಧಿಕಾರಿ, ಅಂದರೆ ಇಂಥ ಮಗುವಿನ ಮೇಲೆ ನಿಗಾ ಇಡುವ ಅಧಿಕಾರಿ, ಮನೆಗೆ ಹೋಗಿ ಅಪ್ಪ ಅಮ್ಮನ ಹತ್ತಿರ ಮಾತಾಡಬೇಕು. ಬಿಟ್ಟ ಶಾಲೆಗೆ ಮತ್ತೆ ಸೇರಿಸಬೇಕು. ಒಂದು ಕಸುಬು ಕಲಿಸಬೇಕು. ಮತ್ತೆ ತಪ್ಪಿದರೆ ಮತ್ತೆ ಕೂರಿಸಿ ಮಾತಾಡಬೇಕು. ಇದರಲ್ಲಿ ಶಿಳ್ಳೆ ಹೊಡೆಯುವಂಥದ್ದು ಏನೂ ಇಲ್ಲ. ಈ ಕೆಲಸವನ್ನು ದಿನಾ ಮಾಡುವವರನ್ನು ಕಂಡರೆ ನನಗೆ ತುಂಬಾ ಗೌರವ.

ಕೊನೆಗೆ ನನ್ನ ಒಂದು ತಕರಾರನ್ನೂ ಹೇಳಿಬಿಡುತ್ತೇನೆ. ಭವಾನಿ ಹುಟ್ಟಾ ರಾಕ್ಷಸ ಅಲ್ಲ. ಅವನೂ ಅದೇ ಗೋಡೆಯೊಳಗೆ ಬೆಳೆದವನು. ಅಪ್ಪ ಅಮ್ಮನನ್ನು ಕೊಂದವರೇ ಅವನನ್ನು ಹೆದರಿಸಿ, ಸುಳ್ಳು ತಪ್ಪು ಹೊರಿಸಿ ಅಲ್ಲಿಗೆ ಕಳಿಸಿರುತ್ತಾರೆ. ಅಲ್ಲಿ ಹೊಡೆತ ತಿಂದು ತಿಂದು ಅವನ ಮುಷ್ಟಿ ಕಲ್ಲಾಯಿತು, ಮನಸ್ಸೂ ಕಲ್ಲಾಯಿತು. ಇಷ್ಟನ್ನು ಚಿತ್ರವೇ ತೋರಿಸುತ್ತದೆ. ಆದರೆ ಕೊನೆಯ ಹೊಡೆದಾಟದಲ್ಲಿ ಅದೇ ಹುಡುಗನ ಸಾವಿಗೆ ನಮ್ಮಿಂದ ಚಪ್ಪಾಳೆ ತಟ್ಟಿಸುತ್ತದೆ. ಮೊದಲ ಸಲ ನೋಡಿದಾಗ ನಾನೂ ತಟ್ಟಿದೆ. ಎರಡನೇ ಸಲ ಕೈ ಏಳಲಿಲ್ಲ.

ನೀವು ಇನ್ನೂ ನೋಡಿಲ್ಲದಿದ್ದರೆ, ಅಥವಾ ಮನೆಯಲ್ಲಿ ಮಕ್ಕಳು ಮತ್ತೆ ಹಾಕಿದರೆ, ದಯವಿಟ್ಟು ಆರಂಭವನ್ನು ಓಡಿಸಬೇಡಿ. ಹೀರೋ ಬರುವುದು ಆಮೇಲೆ. ಮೊದಲು ಆ ಹುಡುಗ, ಚಿಕ್ಕ ಭವಾನಿ, ಬರುತ್ತಾನೆ. ಅವನ ಮುಖವನ್ನು ಒಮ್ಮೆ ಸರಿಯಾಗಿ ನೋಡಿ.

ನಮಸ್ಕಾರ.