ಗ್ಲೋಬ್ ಕೊಳ್ಳುವ ಮೊದಲು ಏನು ನೋಡಬೇಕು?

[ದೃಶ್ಯ: ಗೋಡೆಯ ಮೇಲೆ ವಿಶ್ವದ ನಕ್ಷೆ, ಮೇಜಿನ ಮೇಲೆ ಗ್ಲೋಬ್]

ಮರ್ಕೇಟರ್ ಎಂಬ ಬಗೆಯ ಚಪ್ಪಟೆ ವಿಶ್ವ ನಕ್ಷೆಯಲ್ಲಿ ಗ್ರೀನ್‌ಲ್ಯಾಂಡ್ ಹೆಚ್ಚು ಕಡಿಮೆ ಆಫ್ರಿಕಾದಷ್ಟೇ ದೊಡ್ಡದಾಗಿ ಕಾಣುತ್ತದೆ. ನಿಜದಲ್ಲಿ ಆಫ್ರಿಕಾ ಅದರ ಸುಮಾರು 14 ಪಟ್ಟು ದೊಡ್ಡದು. ದುಂಡಗಿನ ಭೂಮಿಯನ್ನು ಹಾಳೆಯ ಮೇಲೆ ಹರಡಿದರೆ ಆಕಾರ, ವಿಸ್ತೀರ್ಣ, ದೂರ ಇವುಗಳಲ್ಲಿ ಯಾವುದಾದರೂ ಕೆಡಲೇಬೇಕು. ಗ್ಲೋಬ್‌ನಲ್ಲಿ ಮೂರೂ ಉಳಿಯುತ್ತವೆ.

[ದೃಶ್ಯ: ಗ್ಲೋಬ್ ಮೇಲೆ ದಾರ ಎಳೆಯುವ ಕೈ]

ಒಂದು ದಾರವನ್ನು ಟೋಕಿಯೋದಿಂದ ನ್ಯೂಯಾರ್ಕ್‌ಗೆ ಬಿಗಿಯಾಗಿ ಹಿಡಿಯಿರಿ. ಅದು ಪೆಸಿಫಿಕ್ ಸಾಗರದ ನಡುವೆ ಹೋಗದೆ ಅಲಾಸ್ಕಾದ ಮೇಲೆ ಹಾಯುತ್ತದೆ. ಎರಡೂ ನಗರಗಳ ನಡುವಿನ ಅತಿ ಹತ್ತಿರದ ದಾರಿ ಅದೇ. ಮಕ್ಕಳ ಕೈಗೆ ದಾರ ಕೊಟ್ಟು ಇದನ್ನು ಮಾಡಿಸಿ. ಎಷ್ಟು ವಿವರಿಸಿದರೂ ಇಷ್ಟು ಚೆನ್ನಾಗಿ ಮನದಟ್ಟಾಗದು.

ಭೂಮಿ ಧ್ರುವಗಳಲ್ಲಿ ಚಪ್ಪಟೆಯಲ್ಲವೇ ಎಂದು ಕೇಳಬಹುದು. ಹೌದು, ಸಮಭಾಜಕದಲ್ಲಿ ವ್ಯಾಸ 12,756 ಕಿ.ಮೀ., ಧ್ರುವದಿಂದ ಧ್ರುವಕ್ಕೆ 12,714 ಕಿ.ಮೀ. ಆದರೆ 30 ಸೆಂ.ಮೀ. ಗ್ಲೋಬ್‌ನಲ್ಲಿ ಆ ವ್ಯತ್ಯಾಸ ಬರೀ 1 ಮಿ.ಮೀ. ಹಾಗಾಗಿ ಪೂರ್ತಿ ದುಂಡಗೆ ಮಾಡುವುದರಲ್ಲಿ ಮೋಸವಿಲ್ಲ. ಮೋಸವಿರುವುದು ಉಬ್ಬು ಪರ್ವತಗಳಲ್ಲಿ. ಅದೇ ಅಳತೆಯಲ್ಲಿ ಎವರೆಸ್ಟ್‌ನ ಎತ್ತರ 0.2 ಮಿ.ಮೀ. ಮಾತ್ರ. ಬೆರಳಿಗೆ ಎಡವುವ ಹಿಮಾಲಯವನ್ನು ಎಷ್ಟೋ ಪಟ್ಟು ಹಿಗ್ಗಿಸಿರುತ್ತಾರೆ. ನನ್ನ ಆಯ್ಕೆ ನುಣುಪು ಗ್ಲೋಬ್.

[ದೃಶ್ಯ: ಕಾಗದದ ಪಟ್ಟಿಗಳನ್ನು ಗೋಳಕ್ಕೆ ಅಂಟಿಸುವುದು]

ಎರಡೂ ತುದಿ ಚೂಪಾದ, ನಡು ಅಗಲವಾದ ಪಟ್ಟಿಗಳಲ್ಲಿ ನಕ್ಷೆಯನ್ನು ಮುದ್ರಿಸಿ ಗೋಳಕ್ಕೆ ಅಂಟಿಸುವುದು ಹಳೆಯ ಪದ್ಧತಿ. ಒದ್ದೆಯಾದ ಕಾಗದ ಹಿಗ್ಗುತ್ತದೆ. ಕೈ ತಪ್ಪಿದರೆ ಪಟ್ಟಿಗಳು ಕೂಡುವಲ್ಲಿ ನದಿ ತುಂಡಾಗುತ್ತದೆ, ಅಕ್ಷಾಂಶ ರೇಖೆ ಮೆಟ್ಟಿಲಾಗುತ್ತದೆ. ಕೊಳ್ಳುವಾಗ ಸಮಭಾಜಕದ ಗೆರೆಯನ್ನು ಒಂದು ಸುತ್ತು ಬೆರಳಿನಿಂದ ಹಿಂಬಾಲಿಸಿ. ಆಮೇಲೆ 2011ರಲ್ಲಿ ಹುಟ್ಟಿದ ದಕ್ಷಿಣ ಸುಡಾನ್ ಇದೆಯೇ ನೋಡಿ. ಸ್ವಾಜಿಲ್ಯಾಂಡ್ ಎಂದಿದ್ದರೆ ಅದು 2018ಕ್ಕಿಂತ ಹಿಂದಿನ ನಕ್ಷೆ. ಈಗ ಆ ದೇಶ ಎಸ್ವಾಟಿನಿ. ವಿವಾದಿತ ಗಡಿಗಳ ವಿಷಯ ಬೇರೆ. ಮಾರಾಟವಾಗುವ ದೇಶದ ಕಾನೂನಿಗೆ ತಕ್ಕಂತೆ ತಯಾರಕರು ಅವುಗಳನ್ನು ಬದಲಿಸುವುದುಂಟು.

ಹಳೆಯ ಗ್ಲೋಬ್‌ಗಳ ಮಾರುಕಟ್ಟೆಯಲ್ಲಿ ಲೆಕ್ಕವೇ ತಿರುವುಮುರುವು. ಉಳಿದುಬಂದಿರುವ ಭೂಗೋಳಗಳಲ್ಲೇ ಅತಿ ಹಳೆಯದು ಮಾರ್ಟಿನ್ ಬೆಹೈಮ್ 1492ರ ಸುಮಾರಿಗೆ ಜರ್ಮನಿಯ ನ್ಯೂರೆಂಬರ್ಗ್‌ನಲ್ಲಿ ಮಾಡಿಸಿದ್ದು. ಅದರಲ್ಲಿ ಅಮೆರಿಕವೇ ಇಲ್ಲ. ಇಲ್ಲಿ ತಪ್ಪಿಹೋದ ಗಡಿಗಳೇ ವಯಸ್ಸಿನ ಸಾಕ್ಷಿ. ಸೋವಿಯತ್ ಒಕ್ಕೂಟವಿದ್ದರೆ 1991ರ ಕೊನೆಗಿಂತ ಹಿಂದಿನ ನಕ್ಷೆ. ಯೆಮನ್ ಒಂದಾಗಿದ್ದು ಜರ್ಮನಿ ಇನ್ನೂ ಎರಡಾಗಿದ್ದರೆ, ಆ ನಕ್ಷೆ ತೋರಿಸುತ್ತಿರುವುದು 1990ರ ಮೇ ಮತ್ತು ಅಕ್ಟೋಬರ್ ನಡುವಿನ ಜಗತ್ತನ್ನು.