ಆಷಾಢಕ್ಕೆ ಅಳತೆ ಹಾಕಬೇಡಿ

ಎಲ್ಲರಿಗೂ ನಮಸ್ಕಾರ. ನನಗೆ ಕೊಟ್ಟ ಅರ್ಧ ಗಂಟೆಯಲ್ಲಿ ಹತ್ತು ನಿಮಿಷವನ್ನು ನನ್ನ ಪರಿಚಯವೇ ನುಂಗಿತು. ಹಾಗಾಗಿ ಸೂರ್ಯನ ಮಹಿಮೆಯನ್ನೆಲ್ಲ ಬಿಟ್ಟು ನೇರವಾಗಿ ಮಾಡು ಹತ್ತುತ್ತೇನೆ.

ಮಳೆ ಹಿಡಿಯುವುದರೊಳಗೆ ಸ್ನಾನದ ಬಿಸಿನೀರಿಗೆ ಸೋಲಾರ್ ಹಾಕಿಸಿಬಿಡಬೇಕೆಂದು ತೀರ್ಥಹಳ್ಳಿ ಸುತ್ತಮುತ್ತ ಈಗ ಎಲ್ಲರಿಗೂ ಅವಸರ. ಅಂಗಡಿಯವರು ಕೇಳುವುದು ಒಂದೇ ಪ್ರಶ್ನೆ, 'ಮನೆಯಲ್ಲಿ ಎಷ್ಟು ಜನ?' ಆರು ಎಂದಿರೋ, 300 ಲೀಟರಿಗೆ ರಸೀದಿ ಸಿದ್ಧ. ತಲೆ ಎಣಿಸುವುದು ಊಟದ ಪಂಕ್ತಿಗೆ ಸರಿ. ಪ್ಯಾನೆಲ್‌ಗೆ ಎಣಿಸಬೇಕಾದದ್ದು ನೀರನ್ನು.

ಒಬ್ಬರ ಸ್ನಾನಕ್ಕೆ 30 ಲೀಟರ್ ಎನ್ನೋಣ. ಮೈಮೇಲೆ ಸುರಿದುಕೊಳ್ಳುವ ನೀರು 41 ಡಿಗ್ರಿಗಿಂತ ಹೆಚ್ಚಿರುವುದಿಲ್ಲ. ಇದ್ದರೆ ಕೂಗು ಪಕ್ಕದ ಮನೆಗೆ ಕೇಳಿಸುತ್ತದೆ. ಸೋಲಾರ್ ಟ್ಯಾಂಕಿನದು 60 ಡಿಗ್ರಿ, ತಣ್ಣೀರು 22 ಡಿಗ್ರಿ ಆದರೆ ಅರ್ಧಕ್ಕರ್ಧ ಬೆರೆಸಿದಾಗ 41 ಬರುತ್ತದೆ. ಅಂದರೆ ಟ್ಯಾಂಕಿನಿಂದ ಬೇಕಾದದ್ದು ಒಬ್ಬರಿಗೆ 15 ಲೀಟರ್, ಆರು ಜನಕ್ಕೆ 90. ಪಾತ್ರೆ ತೊಳೆಯಲು ಹತ್ತು ಸೇರಿಸಿ. 300 ಎಂದದ್ದು 100ಕ್ಕೆ ಇಳಿಯಿತು!

ಇನ್ನು ಪ್ಯಾನೆಲ್. ಒಂದು ಯೂನಿಟ್ ಶಕ್ತಿ, ಕರೆಂಟ್ ಬಿಲ್ಲಿನಲ್ಲಿ ಬರುವ ಅದೇ ಯೂನಿಟ್, 860 ಲೀಟರ್ ನೀರನ್ನು ಒಂದು ಡಿಗ್ರಿ ಏರಿಸುತ್ತದೆ. ಇದೊಂದನ್ನು ನೆನಪಿಟ್ಟುಕೊಂಡರೆ ನಾನು ಹೇಳುವ ಉಳಿದದ್ದನ್ನೆಲ್ಲ ಮರೆಯಬಹುದು. ನಮ್ಮ 100 ಲೀಟರ್ 38 ಡಿಗ್ರಿ ಏರಬೇಕು. 3800ನ್ನು 860ರಿಂದ ಭಾಗಿಸಿದರೆ ಸುಮಾರು 4.4 ಯೂನಿಟ್. ಶಿವಮೊಗ್ಗದ ಕಡೆ ವರ್ಷದ ಸರಾಸರಿಗೆ ಚದರ ಮೀಟರಿಗೆ ದಿನಕ್ಕೆ ಸುಮಾರು 5 ಯೂನಿಟ್ ಬಿಸಿಲು ಬೀಳುತ್ತದೆ. ಗಾಜು, ಕೊಳವೆ, ರಾತ್ರಿಯ ತಂಪು ಎಲ್ಲ ಸೇರಿ ಅರ್ಧ ತಿನ್ನುತ್ತವೆ, ಉಳಿಯುವುದು 2.5. 4.4ಕ್ಕೆ 1.8 ಚದರ ಮೀಟರ್ ಸಾಕು. ಪೇಟೆಯಲ್ಲಿ ಸಿಗುವ ಚಪ್ಪಟೆ ಪ್ಯಾನೆಲ್ ಸುಮಾರು 2 ಚದರ ಮೀಟರಿನದು. ಒಂದೇ ಒಂದು ಸಾಕು.

ಹಿಂದಿನ ಸಾಲಿನಿಂದ ಪ್ರಶ್ನೆ ಬರುವ ಮೊದಲೇ ಕೇಳಿಸುತ್ತಿದೆ: 'ಹಾಗಾದರೆ ಆಷಾಢದಲ್ಲಿ?'

ಆಗುಂಬೆ ದಾರಿಯಲ್ಲಿ ನನ್ನ ನೆಂಟರೊಬ್ಬರಿದ್ದಾರೆ. ಅವರೂ ಇದನ್ನೇ ಕೇಳಿದರು. ನನ್ನ ಉತ್ತರ ರುಚಿಸಲಿಲ್ಲ. 200 ಲೀಟರಿನ ಟ್ಯಾಂಕಿಗೆ ಎರಡರ ಬದಲು ನಾಲ್ಕು ಪ್ಯಾನೆಲ್ ಹಾಕಿಸಿದರು. ಜಡಿಮಳೆ ಹೊಯ್ಯುವ ದಿನ ಚದರ ಮೀಟರಿಗೆ ಒಂದು ಯೂನಿಟ್ ಬೆಳಕು ಬಿತ್ತೆನ್ನಿ. ನಾಲ್ಕು ಪ್ಯಾನೆಲ್‌ಗೆ 8. ಮೋಡದ ಮಬ್ಬಿನಲ್ಲಿ ದಕ್ಕುವುದು 3 ಯೂನಿಟ್ ಚಿಲ್ಲರೆ. ನೀರು 14 ಡಿಗ್ರಿಯೂ ಏರುವುದಿಲ್ಲ. 22ರಿಂದ 36 ಎಂದರೆ ಬರೀ ಉಗುರುಬೆಚ್ಚಗೆ, ಮೈಯ ಬಿಸಿಗಿಂತ ಒಂದು ಕೂದಲು ಕಡಿಮೆ. ಆ ಆಷಾಢವಿಡೀ ಯಜಮಾನರು ಹಲ್ಲು ಕಟಕಟಿಸುತ್ತಲೇ ಮಿಂದರು.

ಚೈತ್ರ ಬಂತು. ಈಗ ಚದರ ಮೀಟರಿಗೆ 6 ಯೂನಿಟ್. ನಾಲ್ಕು ಪ್ಯಾನೆಲ್‌ಗೆ 48, ಅರ್ಧ ಕಳೆದು ದಕ್ಕುವುದು 24. 200 ಲೀಟರ್ ನೀರು 100 ಡಿಗ್ರಿ ಏರುವಷ್ಟು! ಸೆಕೆಗೆ ಬಿಸಿನೀರು ಯಾರಿಗೂ ಬೇಡ, ಟ್ಯಾಂಕು ಖಾಲಿಯಾಗುವುದಿಲ್ಲ. ಮಧ್ಯಾಹ್ನ ಊಟ ಮುಗಿಸಿ ಎಲ್ಲರೂ ಅಡ್ಡಾದ ಹೊತ್ತಿಗೆ ಮಾಡಿನ ಮೇಲಿಂದ ಬುಸ್ಸೆಂಬ ಸದ್ದು. ಆಗುಂಬೆ ಸೀಮೆಯಲ್ಲಿ ಆ ಸದ್ದಿಗೆ ಒಂದೇ ಅರ್ಥ. ಅಜ್ಜಿ 'ಕಾಳಿಂಗ' ಎಂದರು. ಮಕ್ಕಳನ್ನು ಒಳಗೆ ಕೂಡಿ ಬಾಗಿಲು ಹಾಕಿದರು, ಹಾವು ಹಿಡಿಯುವವರಿಗೆ ಫೋನ್ ಹೋಯಿತು. ಬಂದವನು ಕೊಕ್ಕೆ ಹಿಡಿದು ಏಣಿ ಹತ್ತಿ, ಗಾಳಿ ಕೊಳವೆಯಿಂದ ಹಬೆ ಚಿಮ್ಮುವುದನ್ನು ನೋಡಿ, ಇಳಿದು ಬಂದು, 'ಭಟ್ಟರೇ, ಇದನ್ನು ಕಾಡಿಗೆ ಬಿಡುವುದಕ್ಕೆ ಬರುವುದಿಲ್ಲ' ಎಂದನಂತೆ. ಪೆಟ್ರೋಲಿನ ದುಡ್ಡು ಮಾತ್ರ ಬಿಡದೆ ಇಸಿದುಕೊಂಡ.

ಅದಕ್ಕೇ ಹೇಳುವುದು, ಆಷಾಢಕ್ಕೆ ಅಳತೆ ಹಾಕಬೇಡಿ. ಎಷ್ಟೇ ಪ್ಯಾನೆಲ್ ಹೊದಿಸಿದರೂ ಪುನರ್ವಸು ಮಳೆ ಸೋಲುವುದಿಲ್ಲ. ಬಚ್ಚಲ ಒಲೆಯನ್ನು ಒಡೆಯಬೇಡಿ, ಹಂಡೆಯನ್ನು ಗುಜರಿಗೆ ಹಾಕಬೇಡಿ. ಅಡಿಕೆ ಸಿಪ್ಪೆ, ಹಾಳೆ, ಸೋಗೆ ಹೇಗೂ ಮನೆಯಲ್ಲೇ ಇದೆ. ಒಲೆಗೆ ಮೂರು ನಾಲ್ಕು ತಿಂಗಳು, ಬಿಸಿಲಿಗೆ ಉಳಿದದ್ದು.

ಅಳತೆ ಹಾಕಬೇಕಾದದ್ದು ಡಿಸೆಂಬರಿಗೆ. ಆಗ ಚಳಿ, ಆಗಲೇ ಸೂರ್ಯ ತೆಂಕಣಕ್ಕೆ ವಾಲಿರುತ್ತಾನೆ. ನಮ್ಮ ಮನೆಗಳು ಕಣಿವೆಯಲ್ಲಿ, ಅಂಗಳದ ಆಚೆಯೇ ತೋಟ. ತೆಂಕಣದ ಅಡಿಕೆ ಮರ ಪ್ಯಾನೆಲ್‌ಗಿಂತ 26 ಅಡಿ ಮೇಲಿದ್ದರೆ, ಆ ತಿಂಗಳು ನಡುಹಗಲಿನಲ್ಲೂ ನೆರಳು 20 ಅಡಿ ಉದ್ದ ಬೀಳುತ್ತದೆ. ಬೆಳಗ್ಗೆ ಇನ್ನೂ ಉದ್ದ. ಮೇ ತಿಂಗಳಲ್ಲಿ ಬಂದು ಜಾಗ ಗುರುತಿಸಿದವನಿಗೆ ಈ ನೆರಳು ಕಾಣುವುದಿಲ್ಲ. ಅರ್ಧ ದಿನ ನೆರಳಿದ್ದಲ್ಲಿ ಇನ್ನೊಂದು ಪ್ಯಾನೆಲ್ ಮಾರುತ್ತಾರೆ. ಸ್ಟ್ಯಾಂಡನ್ನು ಹತ್ತಡಿ ಸರಿಸಿದರೆ ಎಷ್ಟೋ ಕಡೆ ಅದು ಬೇಕಾಗುವುದೇ ಇಲ್ಲ.

ಚೀಟಿ ಬಂತು. ಸರಿ, ಸರಸರನೆ ಹೇಳಿಬಿಡುತ್ತೇನೆ. ಮುಖ ದಕ್ಷಿಣಕ್ಕೆ, ಓರೆ 25ರಿಂದ 30 ಡಿಗ್ರಿ. ತಣ್ಣೀರಿನ ಟ್ಯಾಂಕು ಸೋಲಾರ್ ಟ್ಯಾಂಕಿಗಿಂತ ಮೇಲಿರಲಿ. ಬಚ್ಚಲು ಮನೆಯ ಹಿಂದೆ ದೂರದಲ್ಲಿದ್ದರೆ ಅರ್ಧ ಇಂಚಿನ ಪೈಪಿನ 20 ಮೀಟರಿನಲ್ಲಿ ಮೂರೂವರೆ ಲೀಟರ್ ನೀರು ನಿಂತು ತಣಿಯುತ್ತದೆ. ಬೇರೆ ಬೇರೆ ಹೊತ್ತಿಗೆ ಸ್ನಾನ ಮಾಡುವ ಮನೆಯವರು ಪ್ರತಿ ಸಲ ಅಷ್ಟನ್ನು ಚರಂಡಿಗೆ ಬಿಡುತ್ತಾರೆ. ಲೆಕ್ಕದಲ್ಲಿ ಅದನ್ನೂ ಹಿಡಿಯಿರಿ, ಪೈಪಿಗೆ ಹೊದಿಕೆ ಸುತ್ತಿಸಿ. ಗಾಜಿನ ಟ್ಯೂಬೋ ಚಪ್ಪಟೆ ಪ್ಯಾನೆಲೋ ಎಂಬುದಕ್ಕೆ ವೇಳೆಯಿಲ್ಲ. ಮಂಗಗಳ ಕಾಟವಿದ್ದವರು ಚಪ್ಪಟೆಯದನ್ನೇ ಹಾಕಿಸಿ. ಮನೆಯ ನೀರಿನ ಲೆಕ್ಕ ಬರೆದುಕೊಂಡು ಬಂದವರು ಚಹಾದ ಹೊತ್ತಿಗೆ ನನ್ನ ಬಳಿ ಬನ್ನಿ, ಅಲ್ಲೇ ಭಾಗಾಕಾರ ಮಾಡೋಣ.